ಟಿವಿ ಅಗ್ಗ, ಅಪ್‌ಡೇಟ್ ಯಾರ ತಲೆಗೆ?

ದಾವಣಗೆರೆ: ಟಿವಿ ಕೆಟ್ಟಿತು ಎಂದರೆ ಮೊದಲೆಲ್ಲ ಕಾರಣ ಕಣ್ಣಿಗೆ ಕಾಣುತ್ತಿತ್ತು. ಪಿಕ್ಚರ್ ಟ್ಯೂಬು ಹೋಯಿತು, ಸಿಡಿಲು ಬಡಿಯಿತು, ವೋಲ್ಟೇಜು ಏರಿ ಬೋರ್ಡು ಸುಟ್ಟಿತು. ರಿಪೇರಿಯವನು ಹಿಂದಿನ ಮುಚ್ಚಳ ಬಿಚ್ಚಿ, ಕಪ್ಪಾದ ಜಾಗ ತೋರಿಸಿ, ಇಷ್ಟಾಗುತ್ತದೆ ಎಂದು ಲೆಕ್ಕ ಹೇಳುತ್ತಿದ್ದ. ಈಗ ರಿಪೇರಿ ಅಂಗಡಿಗಳ ಕಟ್ಟೆಯ ಮೇಲೆ ಕೇಳಿಬರುವ ದೂರೇ ಬೇರೆ.

“ಏನೂ ಮಾಡಿಲ್ರೀ. ಅಪ್‌ಡೇಟ್ ಕೇಳ್ತು, ಓಕೆ ಒತ್ತಿದ್ವಿ. ಈಗ ಕಂಪನಿ ಹೆಸರು ಬರ್ತೈತಿ, ಹೋಗ್ತೈತಿ. ಮತ್ತೆ ಬರ್ತೈತಿ, ಮತ್ತೆ ಹೋಗ್ತೈತಿ.”

ಗಾಜು ಒಡೆದಿಲ್ಲ, ಬೋರ್ಡು ಸುಟ್ಟಿಲ್ಲ, ವೈರು ಕಿತ್ತಿಲ್ಲ. ಆದರೂ ಟಿವಿ ಸತ್ತಿದೆ.

ಇನ್ನೊಂದು ದೂರು ಇದಕ್ಕೆ ಪೂರಾ ಉಲ್ಟಾ. “ಯೂಟ್ಯೂಬು ಅಪ್‌ಡೇಟ್ ಮಾಡು ಅಂತೈತಿ. ಮಾಡಾಕ ಹೋದ್ರೆ, ಇದೇ ಕೊನೇದು, ಇನ್ನ ಬೇರೆ ಇಲ್ಲ ಅಂತ ಟಿವಿ ಹೇಳ್ತೈತಿ. ಯಾವುದನ್ನ ನಂಬೋದ್ರೀ?”

ಒಬ್ಬನಿಗೆ ಅಪ್‌ಡೇಟ್ ಬಂದು ಕೆಟ್ಟಿತು, ಇನ್ನೊಬ್ಬನಿಗೆ ಬಾರದೆ ಕೆಟ್ಟಿತು. ನೋಡಲು ಎರಡು ರೋಗ, ಬೇರು ಮಾತ್ರ ಒಂದೇ. ಎಂಟು ಹತ್ತು ಸಾವಿರಕ್ಕೆ ಸಿಗುವ ಅಗ್ಗದ ಸ್ಮಾರ್ಟ್ ಟಿವಿಯಲ್ಲಿ ಗಿರಾಕಿಯ ಕೈಗೆ ಬರುವುದು ಅರ್ಧ ಸಾಮಾನು ಮಾತ್ರ. ಉಳಿದರ್ಧ ಅದನ್ನು ವರ್ಷಾನುಗಟ್ಟಲೆ ನಡೆಸಿಕೊಂಡು ಹೋಗುವ ತಂತ್ರಾಂಶದ ಪಾಲನೆ. ಆ ಅರ್ಧದ ಜವಾಬ್ದಾರಿ ಯಾರದು ಎಂಬುದು ಡಬ್ಬದ ಮೇಲೂ ಇಲ್ಲ, ಬಿಲ್ಲಿನ ಮೇಲೂ ಇಲ್ಲ.

ಏನಿದು ಫರ್ಮ್‌ವೇರ್?

ಟಿವಿಯ ಒಳಗಿನ ಬೋರ್ಡಿನಲ್ಲಿ ಬರೆದಿಟ್ಟಿರುವ ಮೂಲ ತಂತ್ರಾಂಶಕ್ಕೆ ಫರ್ಮ್‌ವೇರ್ ಎಂದು ಹೆಸರು. ಪರದೆ ಬೆಳಗಿಸುವುದು, ರಿಮೋಟಿನ ಮಾತು ಕೇಳುವುದು, ವೈಫೈ ಹಿಡಿಯುವುದು ಎಲ್ಲವೂ ಇದರದೇ ಕೆಲಸ. ಯೂಟ್ಯೂಬು, ಸಿನಿಮಾ, ಕ್ರಿಕೆಟ್ ತೋರಿಸುವ ಆ್ಯಪ್‌ಗಳು ಈ ಮನೆಯ ಬಾಡಿಗೆದಾರರು ಇದ್ದಂತೆ. ಬಾಡಿಗೆದಾರ ಬದಲಾದರೆ ಮನೆ ಬೀಳುವುದಿಲ್ಲ. ಆದರೆ ಅಡಿಪಾಯ ಹಳತಾದರೆ ಹೊಸ ಬಾಡಿಗೆದಾರ ಬರಲು ಒಪ್ಪುವುದಿಲ್ಲ. ಆ್ಯಪಿನ ಅಪ್‌ಡೇಟ್ ಬೇರೆ, ಟಿವಿಯ ಅಪ್‌ಡೇಟ್ ಬೇರೆ ಎಂಬ ಇಷ್ಟು ಮಾತು ತಿಳಿದರೆ ಅರ್ಧ ಗೊಂದಲ ಅಲ್ಲೇ ಮುಗಿಯುತ್ತದೆ.

ಟಿವಿಯ ಅಪ್‌ಡೇಟ್ ಬರುವ ದಾರಿ ಎರಡು. ಒಂದು, ಇಂಟರ್‌ನೆಟ್ ಮೂಲಕ ಕಂಪನಿಯೇ ಕಳಿಸುವುದು. ಎರಡು, ಫೈಲನ್ನು ಪೆನ್‌ಡ್ರೈವಿಗೆ ಹಾಕಿ ಟಿವಿಯ ಹಿಂದೆ ಸಿಕ್ಕಿಸಿ ಏರಿಸುವುದು. ದೊಡ್ಡ ಕಂಪನಿಗಳು ತಮ್ಮ ತಮ್ಮ ಮಾದರಿಯ ಫೈಲುಗಳನ್ನು ತಮ್ಮ ತಾಣದಲ್ಲೇ ಇಡುತ್ತವೆ. ಅಗ್ಗದ ಟಿವಿಗಳಲ್ಲಿ ಎಷ್ಟೋ ಸಲ ಆ ಸೌಕರ್ಯವೇ ಇರುವುದಿಲ್ಲ.

ಹೆಸರು ಒಬ್ಬರದು, ಬೋರ್ಡು ಇನ್ನೊಬ್ಬರದು

ಯಾಕಿಲ್ಲ? ಅಗ್ಗದ ಟಿವಿ ಹುಟ್ಟುವ ಬಗೆ ನೋಡಿದರೆ ಅರ್ಥವಾಗುತ್ತದೆ. ಪರದೆ ಒಂದು ಕಾರ್ಖಾನೆಯದು, ಬೋರ್ಡು ಇನ್ನೊಂದು ಕಾರ್ಖಾನೆಯದು. ಜೋಡಿಸುವವನು ಮೂರನೆಯವನು, ಹೆಸರಿನ ಚೀಟಿ ಅಂಟಿಸುವವನು ನಾಲ್ಕನೆಯವನು. ಬೋರ್ಡುಗಳು ಬಹುಪಾಲು ಚೀನಾದ ಕೆಲವೇ ತಯಾರಕರಿಂದ ಬರುತ್ತವೆ. ಮಂಡಿಪೇಟೆಯ ಅಂಗಡಿಯಲ್ಲಿ ಒಂದು ಹೆಸರಿನಲ್ಲಿ, ಅಶೋಕ ರಸ್ತೆಯ ಅಂಗಡಿಯಲ್ಲಿ ಇನ್ನೊಂದು ಹೆಸರಿನಲ್ಲಿ ಕೂತಿರುವ ಎರಡು ಟಿವಿಗಳ ಹೊಟ್ಟೆಯೊಳಗೆ ಒಂದೇ ಬೋರ್ಡು ಇದ್ದರೆ ಆಶ್ಚರ್ಯವಿಲ್ಲ. ಇದರ ಉಲ್ಟಾ ಕೂಡ ನಿಜ. ಒಂದೇ ಹೆಸರು, ಒಂದೇ ಇಂಚು ಇದ್ದರೂ ಹೋದ ವರ್ಷದ ಮಾಲಿನ ಬೋರ್ಡೇ ಬೇರೆ, ಈ ವರ್ಷದ ಮಾಲಿನ ಬೋರ್ಡೇ ಬೇರೆ ಆಗಿರಬಹುದು.

ಇಂಥ ಟಿವಿಗೆ ಮೂರು ವರ್ಷದ ನಂತರ ಹೊಸ ಫರ್ಮ್‌ವೇರ್ ಬೇಕೆಂದರೆ ಬರೆಯುವವರು ಯಾರು? ಬೋರ್ಡಿನವನು ಆಗಲೇ ಹೊಸ ಬೋರ್ಡು ಮಾರುತ್ತಿದ್ದಾನೆ. ಜೋಡಿಸಿದವನಿಗೆ ತಂತ್ರಾಂಶ ಬರೆಯುವ ಜನ ಇಲ್ಲ. ಚೀಟಿಯವನಿಗೆ ಅದು ಖರ್ಚಿನ ಬಾಬತ್ತು. ಟಿವಿಯ ಬೆಲೆಯಲ್ಲಿ ಐನೂರು ಸಾವಿರ ಇಳಿಸಿ ಗಿರಾಕಿ ಹಿಡಿಯುವ ಪೈಪೋಟಿಯಲ್ಲಿ ಮೊದಲು ಕತ್ತರಿ ಬೀಳುವುದು ಕಣ್ಣಿಗೆ ಕಾಣದ ಖರ್ಚಿಗೇ ಅಲ್ಲವೇ?

2025ರ ಸೆಪ್ಟೆಂಬರ್ 22ರಿಂದ 32 ಇಂಚಿಗಿಂತ ದೊಡ್ಡ ಟಿವಿಗಳ ಜಿಎಸ್‌ಟಿ ಶೇ. 28ರಿಂದ ಶೇ. 18ಕ್ಕೆ ಇಳಿಯಿತು. ದೊಡ್ಡ ಪರದೆಯ ಆಸೆ ಇದ್ದವರಿಗೆ ಒಳ್ಳೆಯದೇ ಆಯಿತು. ಆದರೆ ತೆರಿಗೆ ಇಳಿದ ಮಾತ್ರಕ್ಕೆ ಟಿವಿಯ ಆಯುಸ್ಸು ಏರಲಿಲ್ಲ.

ಮಾಡಿದರೂ ಕಷ್ಟ

ಹಾಗಾದರೆ ದೊಡ್ಡ ಕಂಪನಿಯ ಮಾಲಿಗೆ ಈ ಕಾಟ ಇಲ್ಲವೇ? ಇದೆ. 2017ರ ಆಗಸ್ಟ್‌ನಲ್ಲಿ ಬ್ರಿಟನ್ ಮತ್ತಿತರ ಕಡೆ ಸ್ಯಾಮ್‌ಸಂಗ್‌ನ ಆ ವರ್ಷದ ಹೊಸ ದುಬಾರಿ ಟಿವಿಗಳಲ್ಲಿ ಕೆಲವು ಒಂದು ಅಪ್‌ಡೇಟ್ ಬಂದೊಡನೆ ನಿಂತುಹೋದವು. 2025ರ ಮಾರ್ಚ್‌ನಲ್ಲಿ ಅದೇ ಕಂಪನಿಯ ಒಂದು ದುಬಾರಿ ಸೌಂಡ್‌ಬಾರ್ ಮಾದರಿಗೆ ಇದೇ ಗತಿ ಬಂತು. ಕಂಪನಿ ತಪ್ಪು ಒಪ್ಪಿಕೊಂಡು ಪುಕ್ಕಟೆ ರಿಪೇರಿ ಮಾಡಿಕೊಡಬೇಕಾಯಿತು.

ವ್ಯತ್ಯಾಸ ಇರುವುದು ಇಲ್ಲೇ. ದೊಡ್ಡವರು ಎಡವಿದರೆ ಕೇಳಲು ಬಾಗಿಲಾದರೂ ಇದೆ. ಅಗ್ಗದ ಟಿವಿಯ ಗಿರಾಕಿ ಬಡಿಯಬೇಕಾದ ಬಾಗಿಲೇ ಎಷ್ಟೋ ಸಲ ಸಿಗುವುದಿಲ್ಲ.

ಮಾಡದಿದ್ದರೂ ಕಷ್ಟ

“ಚೆನ್ನಾಗಿ ನಡೀತಾ ಇದೆ, ಅಪ್‌ಡೇಟ್ ಉಸಾಬರಿಯೇ ಬೇಡ” ಎಂದು ಕೂರಬಹುದೇ? ಕೆಲವು ಕಾಲ ಕೂರಬಹುದು. ಆಮೇಲೆ ಹೊರಗಿನ ಲೋಕವೇ ಕೈ ಬಿಡುತ್ತದೆ. 2010 ಮತ್ತು 2011ರ ಕೆಲವು ಸ್ಯಾಮ್‌ಸಂಗ್ ಟಿವಿಗಳಲ್ಲಿ 2019ರ ಡಿಸೆಂಬರ್‌ನಿಂದ ನೆಟ್‌ಫ್ಲಿಕ್ಸ್ ನಿಂತಿತು. ಪರದೆ ಗಟ್ಟಿಯಾಗಿಯೇ ಇತ್ತು, ಒಳಗಿನ ತಂತ್ರಾಂಶ ಹಳತಾಗಿತ್ತು.

ಇನ್ನೊಂದು ಪಾಠ 2025ರ ಮಾರ್ಚ್ 9ರದು. ಗೂಗಲ್ ಕಂಪನಿ 2015ರಲ್ಲಿ ತಂದ ಎರಡನೆಯ ಪೀಳಿಗೆಯ ಕ್ರೋಮ್‌ಕಾಸ್ಟ್, ಅಂದರೆ ಟಿವಿಗೆ ಸಿಕ್ಕಿಸುವ ಪುಟ್ಟ ಸಾಧನ, ಅಂದು ಲೋಕದ ಎಲ್ಲೆಡೆ ಕೆಲಸ ನಿಲ್ಲಿಸಿತು. ಒಳಗಿದ್ದ ಒಂದು ಡಿಜಿಟಲ್ ಪ್ರಮಾಣಪತ್ರದ ಹತ್ತು ವರ್ಷದ ವಾಯಿದೆ ಮುಗಿದಿತ್ತು. ಬಸ್ ಪಾಸಿನ ತಾರೀಕು ಮುಗಿದಂತೆಯೇ. ಪ್ರಯಾಣಿಕ ಅವನೇ, ಬಸ್ಸೂ ಅದೇ, ಆದರೆ ಕಂಡಕ್ಟರ್ ಹತ್ತಿಸುವುದಿಲ್ಲ. ಗೂಗಲ್ ಕೆಲ ದಿನಗಳಲ್ಲಿ ಅಪ್‌ಡೇಟ್ ಕಳಿಸಿ ಸರಿಪಡಿಸಿತು. ಈ ನಡುವೆ ಫ್ಯಾಕ್ಟರಿ ರೀಸೆಟ್ ಮಾಡಬೇಡಿ ಎಂದು ಅದು ಹೇಳಬೇಕಾಯಿತು. ಆತುರಪಟ್ಟು ರೀಸೆಟ್ ಒತ್ತಿದವರಿಗೆ ಸಾಧನವನ್ನು ಮತ್ತೆ ಜೋಡಿಸಿಕೊಳ್ಳುವುದೇ ಕಷ್ಟವಾಗಿತ್ತು. ಕೆಟ್ಟ ಕೂಡಲೇ ರೀಸೆಟ್ ಒತ್ತುವ ಚಟ ಇರುವವರು ಈ ಮಾತನ್ನು ಗಂಟು ಹಾಕಿಕೊಳ್ಳುವುದು ಒಳ್ಳೆಯದು.

ಎಲ್ಲಕ್ಕಿಂತ ಕೆಟ್ಟದ್ದು ಕಳ್ಳಗಿಂಡಿ. ಫರ್ಮ್‌ವೇರಿನಲ್ಲಿ ಕಂಡ ದೋಷಗಳನ್ನು ಕಾಲಕಾಲಕ್ಕೆ ಮುಚ್ಚದಿದ್ದರೆ ಕಳ್ಳರು ಅಲ್ಲಿಂದಲೇ ನುಗ್ಗುತ್ತಾರೆ. 2024ರ ಸೆಪ್ಟೆಂಬರ್‌ನಲ್ಲಿ ಡಾಕ್ಟರ್ ವೆಬ್ ಎಂಬ ಭದ್ರತಾ ಸಂಸ್ಥೆ, 197 ದೇಶಗಳ ಸುಮಾರು 13 ಲಕ್ಷ ಆ್ಯಂಡ್ರಾಯ್ಡ್ ಟಿವಿ ಡಬ್ಬಿಗಳಲ್ಲಿ ಒಂದು ಕುತಂತ್ರಾಂಶ ಸೇರಿಕೊಂಡಿದೆ ಎಂದು ಹೊರಗೆಡಹಿತು. 2025ರ ಜೂನ್‌ನಲ್ಲಿ ಅಮೆರಿಕದ ಎಫ್‌ಬಿಐ ‘ಬ್ಯಾಡ್‌ಬಾಕ್ಸ್ 2.0’ ಎಂಬ ಜಾಲದ ಬಗ್ಗೆ ಜನರಿಗೆ ಎಚ್ಚರಿಕೆ ಕೊಟ್ಟಿತು. ಅಗ್ಗದ ಸ್ಟ್ರೀಮಿಂಗ್ ಡಬ್ಬಿ, ಪ್ರೊಜೆಕ್ಟರ್ ಮುಂತಾದವು ಗಿರಾಕಿಯ ಕೈಸೇರುವ ಮುನ್ನವೇ ಸೋಂಕು ಹೊತ್ತು ಬಂದಿರಬಹುದು ಎಂಬುದೇ ಅದರ ಸಾರ. ಜುಲೈನಲ್ಲಿ ಗೂಗಲ್ ಈ ಜಾಲದ ವಿರುದ್ಧ ನ್ಯೂಯಾರ್ಕಿನ ನ್ಯಾಯಾಲಯಕ್ಕೆ ಹೋದಾಗ ಹೇಳಿದ ಲೆಕ್ಕ ಒಂದು ಕೋಟಿ ಸಾಧನಗಳಿಗೂ ಮೇಲೆ. ಇವು ಗೂಗಲ್‌ನ ಒಪ್ಪಿಗೆ ಮುದ್ರೆ ಇಲ್ಲದ, ಆ್ಯಂಡ್ರಾಯ್ಡಿನ ಬಿಟ್ಟಿ ಆವೃತ್ತಿಯ ಮೇಲೆ ನಡೆಯುವ ಮಾಲುಗಳು.

ಇದರಿಂದ ಮನೆಯವರಿಗೆ ಏನು ನಷ್ಟ? ಎಲ್ಲೋ ಕೂತ ಕಳ್ಳ ಆ ಮನೆಯ ಇಂಟರ್‌ನೆಟ್ ಮೂಲಕ ವ್ಯವಹಾರ ನಡೆಸುತ್ತಾನೆ. ಹೆಜ್ಜೆ ಗುರುತು ಮಾತ್ರ ಮನೆಯವರದು. ಅಂಗಡಿಯಲ್ಲಿ ಟಿವಿಗೂ, ಹಣ ಪಡೆಯುವ ಫೋನಿಗೂ, ಬಿಲ್ಲಿಂಗ್ ಕಂಪ್ಯೂಟರಿಗೂ ಒಂದೇ ವೈಫೈ ಇಟ್ಟುಕೊಂಡ ವ್ಯಾಪಾರಸ್ಥರು ಇದನ್ನು ಎರಡು ಸಲ ಯೋಚಿಸಬೇಕು.

ಪೆನ್‌ಡ್ರೈವ್ ವೈದ್ಯರು

ಕಂಪನಿ ಕೈಬಿಟ್ಟ ಟಿವಿಗೆ ಗತಿ ಯಾರು? ಊರಿನ ರಿಪೇರಿ ಹುಡುಗರೇ. ಇವರ ಚೀಲದಲ್ಲಿ ಈಗ ಕಾವಿನ ಕಡ್ಡಿಯ ಜೊತೆಗೆ ಪೆನ್‌ಡ್ರೈವುಗಳ ಗೊಂಚಲೂ ಇರುತ್ತದೆ. ಕಲಿಸಿದ ಶಾಲೆ ಇಲ್ಲ, ಕಂಪನಿಯ ಸಹಾಯವೂ ಇಲ್ಲ. ಒಬ್ಬರಿಂದೊಬ್ಬರು ಫೈಲು ಪಡೆದು, ಬೋರ್ಡಿನ ಮೇಲೆ ಅಚ್ಚಾದ ನಂಬರು ತಾಳೆ ನೋಡಿ ಸತ್ತ ಟಿವಿ ಎಬ್ಬಿಸುತ್ತಾರೆ. ಇವರು ಇಲ್ಲದಿದ್ದರೆ ಎಷ್ಟೋ ಮನೆಯ ಟಿವಿ ಗುಜರಿ ಸೇರುತ್ತಿತ್ತು ಎಂಬುದು ಸುಳ್ಳಲ್ಲ.

ಆದರೆ ಇಲ್ಲಿ ಅಪಾಯವೂ ಇದೆ. ಫೈಲು ಬೋರ್ಡಿಗೆ ಹೊಂದಿದರೆ ಸಾಲದು, ಪರದೆಗೂ ಹೊಂದಬೇಕು, ರಿಮೋಟಿಗೂ ಹೊಂದಬೇಕು. ಪರದೆಗೆ ಹೊಂದದ ಫೈಲು ಏರಿದರೆ ಚಿತ್ರ ತಲೆಕೆಳಗಾಗಿ ಬರಬಹುದು, ಬಣ್ಣ ಕಲಸಿಹೋಗಬಹುದು. ರಿಮೋಟಿಗೆ ಹೊಂದದಿದ್ದರೆ ಒಂದು ಗುಂಡಿಯೂ ನಡೆಯದು. ಬೋರ್ಡಿಗೇ ಹೊಂದದಿದ್ದರೆ ಟಿವಿ ಏಳುವುದೇ ಇಲ್ಲ. ಆಗ ಬೋರ್ಡಿನ ಮೆಮೊರಿ ಚಿಪ್ಪಿಗೆ ಬೇರೆ ಯಂತ್ರ ಹಾಕಿ ಹೊಸದಾಗಿ ಬರೆಯಬೇಕು, ಇಲ್ಲವೇ ಬೋರ್ಡನ್ನೇ ಬದಲಿಸಬೇಕು. ಎಲ್ಲಿಂದಲೋ ಬಂದ ಫೈಲಿನೊಳಗೆ ಕಳ್ಳಗಿಂಡಿ ಇದೆಯೋ ಇಲ್ಲವೋ ಎಂಬುದು ಹಾಕುವವನಿಗೂ ತಿಳಿಯದು, ಹಾಕಿಸಿಕೊಳ್ಳುವವನಿಗೂ ತಿಳಿಯದು.

ಕಂಪನಿಗಳು ತಮ್ಮ ಮಾದರಿಯ ಸರಿಯಾದ ಫೈಲನ್ನು ಬಹಿರಂಗವಾಗಿ ಇಟ್ಟರೆ ಈ ಕತ್ತಲ ವ್ಯವಹಾರವೇ ಬೇಕಿಲ್ಲ. ಕಾಸು ಖರ್ಚಿಲ್ಲದ ಈ ಕೆಲಸಕ್ಕೂ ಮನಸ್ಸಿಲ್ಲ ಎಂದರೆ ಏನೆನ್ನಬೇಕು?

ಓಕೆ ಒತ್ತುವ ಮುನ್ನ

ಅಪ್‌ಡೇಟಿನಲ್ಲಿ ಎರಡು ಹಂತ. ಮೊದಲನೆಯದು ಫೈಲು ಇಳಿಸಿಕೊಳ್ಳುವುದು. ಇಲ್ಲಿ ಕರೆಂಟು ಹೋದರೂ ನೆಟ್ಟು ಹೋದರೂ ಸಾಮಾನ್ಯವಾಗಿ ಭಯವಿಲ್ಲ, ಮತ್ತೆ ಇಳಿಸಬಹುದು. ಎರಡನೆಯದು ಅದನ್ನು ಬೋರ್ಡಿಗೆ ಬರೆಯುವುದು. ಅಗ್ಗದ ಟಿವಿಯಲ್ಲಿ ಬರೆಯುವ ನಡುವೆ ಕರೆಂಟು ಹೋದರೆ ಹಳೆಯದೂ ಅಳಿಸಿತು, ಹೊಸದೂ ಪೂರ್ತಿ ಬರಲಿಲ್ಲ ಎಂಬ ತ್ರಿಶಂಕು ಸ್ಥಿತಿ. ಆದ್ದರಿಂದ ಗಾಳಿ ಮಳೆಯ ಸಂಜೆ, ಕರೆಂಟು ಹೋಗಿ ಬಂದು ಮಾಡುವ ಹೊತ್ತು, ಈ ಕೆಲಸಕ್ಕೆ ಕೈ ಹಾಕಲೇಬಾರದು. ಇನ್‌ವರ್ಟರ್ ಇದ್ದವರು ಟಿವಿಯನ್ನು ಆ ಲೈನಿಗೆ ಹಾಕಿಕೊಳ್ಳಲಿ. ಹತ್ತು ನಿಮಿಷ ಪರದೆ ಕಪ್ಪಾಗಿದ್ದರೂ ಗಾಬರಿಯಾಗಿ ಸ್ವಿಚ್ಚು ಆರಿಸುವುದು ಬೇಡ.

ಫೋನಿನ ಹಾಟ್‌ಸ್ಪಾಟಿನಲ್ಲಿ ಟಿವಿ ನಡೆಸುವ ಮನೆಗಳು ಬಹಳ. ಟಿವಿಯ ಅಪ್‌ಡೇಟ್ ಕೆಲವು ನೂರು ಎಂಬಿಯಿಂದ ಒಂದು ಜಿಬಿಗೂ ಮೇಲೆ ಇರಬಹುದು. ದಿನಕ್ಕೆ ಒಂದೂವರೆ ಜಿಬಿಯ ಪ್ಯಾಕಿನವರು ಬೆಳಿಗ್ಗೆಯೇ ಲೆಕ್ಕ ಹಾಕಿಕೊಂಡು ಶುರು ಮಾಡಬೇಕು.

ಜಾಗದ ಪ್ರಶ್ನೆಯೂ ಇದೆ. 8 ಜಿಬಿ ಎಂದು ಡಬ್ಬದ ಮೇಲೆ ಬರೆದಿದ್ದರೂ ದೊಡ್ಡ ಪಾಲನ್ನು ಮೂಲ ತಂತ್ರಾಂಶವೇ ನುಂಗಿರುತ್ತದೆ. ಬೇಡದ ಆ್ಯಪ್ ಎರಡು ಮೂರು ತೆಗೆದರೆ ನಿಂತಿದ್ದ ಅಪ್‌ಡೇಟ್ ಮುಂದೆ ಹೋಗುವುದುಂಟು. ನೆಟ್ಟು ಇದ್ದರೂ ಏನೂ ತೆರೆಯುತ್ತಿಲ್ಲ ಎಂದರೆ ಮೊದಲು ಟಿವಿಯ ತಾರೀಕು, ಸಮಯ ನೋಡಬೇಕು. ಗಡಿಯಾರ ತಪ್ಪಿದ್ದರೆ ಭದ್ರತೆಯ ಪ್ರಮಾಣಪತ್ರಗಳು ತಾಳೆಯಾಗದೆ ಯೂಟ್ಯೂಬು ಕೂಡ ಬಾಗಿಲು ಹಾಕಿಕೊಳ್ಳುತ್ತದೆ. ಇಷ್ಟು ಸಣ್ಣ ವಿಷಯಕ್ಕೆ ಐನೂರು ರೂಪಾಯಿ ತೆತ್ತು ಬಂದವರಿದ್ದಾರೆ.

ಕಂಪನಿಯ ಫೋನ್ ನಂಬರು ಬೇಕಾದರೆ ಡಬ್ಬದ ಮೇಲೆ, ವಾರಂಟಿ ಕಾರ್ಡಿನ ಮೇಲೆ ನೋಡಬೇಕು. ಇಂಟರ್‌ನೆಟ್ಟಿನಲ್ಲಿ ಹುಡುಕಿ ಸಿಕ್ಕಿದ ನಂಬರಿಗೆ ಮಾತಾಡಿ, ಅವರು ಹೇಳಿದ ಆ್ಯಪು ಹಾಕಿಕೊಂಡರೆ ಟಿವಿ ರಿಪೇರಿಯಾಗುವ ಮುನ್ನ ಬ್ಯಾಂಕಿನ ಖಾತೆಯೇ ಖಾಲಿಯಾದೀತು. ಹಾಗೇನಾದರೂ ಆದರೆ ತಡಮಾಡದೆ 1930ಕ್ಕೆ ಫೋನು ಮಾಡಬೇಕು.

ಯಾವುದೂ ನಡೆಯದಿದ್ದರೂ ಎದೆಗುಂದುವ ಕಾರಣವಿಲ್ಲ. ಪರದೆ ಬೆಳಗಿ, ಹಿಂದಿನ ಎಚ್‌ಡಿಎಂಐ ತೂತು ಕೆಲಸ ಮಾಡುತ್ತಿದ್ದರೆ ಡಿಶ್ಶಿನ ಡಬ್ಬಿಯೋ, ಹೆಸರುವಾಸಿ ಕಂಪನಿಯ ಕಡ್ಡಿಯಂಥ ಸಾಧನವೋ ಸಿಕ್ಕಿಸಿಕೊಂಡು ನೋಡಬಹುದು. ಟಿವಿಯ ಸ್ವಂತ ವೈಫೈ ಆರಿಸಿಬಿಟ್ಟರೆ ಕಳ್ಳಗಿಂಡಿಯ ಭಯವೂ ತಗ್ಗುತ್ತದೆ. ಸ್ಮಾರ್ಟ್ ಸತ್ತಿತೆಂದು ಟಿವಿಯನ್ನು ಎಸೆಯಬೇಕಿಲ್ಲ.

ಡಬ್ಬದ ಮೇಲೆ ಒಂದು ಸಾಲು

ಟಿವಿಯ ಡಬ್ಬದ ಮೇಲೆ ಎಂಆರ್‌ಪಿ ಇರಬೇಕು, ತಯಾರಾದ ತಿಂಗಳು ಇರಬೇಕು, ದೂರು ಹೇಳುವ ವಿಳಾಸ ಇರಬೇಕು ಎಂದು ಕಾನೂನಿದೆ. ಬಿಐಎಸ್ ನೋಂದಣಿಯೂ ಬೇಕು. ಅದು ಕರೆಂಟಿನ ಸುರಕ್ಷೆ ನೋಡುತ್ತದೆ, ಶಾಕು ಹೊಡೆಯದಂತೆ, ಬೆಂಕಿ ಹತ್ತದಂತೆ. ಆದರೆ ಈ ಟಿವಿಗೆ ಎಷ್ಟು ವರ್ಷ ಅಪ್‌ಡೇಟ್ ಕೊಡುತ್ತೇವೆ ಎಂಬ ಒಂದು ಸಾಲು ಎಲ್ಲಿದೆ?

ಬೇರೆ ದೇಶದಲ್ಲಿ ಇದು ಶುರುವಾಗಿದೆ. ಬ್ರಿಟನ್ನಿನಲ್ಲಿ 2024ರ ಏಪ್ರಿಲ್ 29ರಿಂದ, ಇಂಟರ್‌ನೆಟ್ಟಿಗೆ ಸೇರುವ ಗೃಹಬಳಕೆಯ ಸಾಧನ ಮಾರುವ ಕಂಪನಿ ಕನಿಷ್ಠ ಎಷ್ಟು ಕಾಲ ಭದ್ರತಾ ಅಪ್‌ಡೇಟ್ ಕೊಡುತ್ತದೆಂದು ಹೇಳಲೇಬೇಕು. ಐರೋಪ್ಯ ಒಕ್ಕೂಟದ ಹೊಸ ಕಾಯಿದೆಯ ಮುಖ್ಯ ಕಟ್ಟಳೆಗಳು 2027ರ ಡಿಸೆಂಬರ್ 11ರಿಂದ ಜಾರಿಗೆ ಬರಲಿದ್ದು, ಸಾಮಾನ್ಯವಾಗಿ ಕನಿಷ್ಠ ಐದು ವರ್ಷ ಅಪ್‌ಡೇಟಿನ ಹೊಣೆಯನ್ನು ತಯಾರಕನ ಹೆಗಲಿಗೆ ಹಾಕುತ್ತವೆ.

ನಮ್ಮ ದೇಶದಲ್ಲಿ ಟಿವಿಯ ತಂತ್ರಾಂಶದ ಮಾತು ದೆಹಲಿ ಮುಟ್ಟಿಲ್ಲ ಎಂದಲ್ಲ. ಆ್ಯಂಡ್ರಾಯ್ಡ್ ಟಿವಿಗೆ ಸಂಬಂಧಿಸಿದ ಪ್ರಕರಣದಲ್ಲಿ ಗೂಗಲ್ 20.24 ಕೋಟಿ ರೂಪಾಯಿ ಕಟ್ಟಿ ರಾಜಿ ಮಾಡಿಕೊಳ್ಳಲು 2025ರ ಏಪ್ರಿಲ್‌ನಲ್ಲಿ ಭಾರತೀಯ ಸ್ಪರ್ಧಾ ಆಯೋಗ ಒಪ್ಪಿತು. ಪ್ಲೇಸ್ಟೋರು ಬೇಕಾದ ಟಿವಿ ಕಂಪನಿ ಗೂಗಲ್‌ನ ಎಲ್ಲ ಆ್ಯಪುಗಳನ್ನೂ ಹೊತ್ತುಕೊಳ್ಳಬೇಕೆಂಬ ಕಟ್ಟು ಸಡಿಲವಾಗಿ, ಬೇರೆ ಶುಲ್ಕ ಕೊಟ್ಟು ಬೇಕಾದ್ದನ್ನಷ್ಟೇ ಪಡೆಯುವ ದಾರಿ ತೆರೆಯಿತು. ಅದು ಕಂಪನಿ ಕಂಪನಿಗಳ ನಡುವಿನ ನ್ಯಾಯ. ಗಿರಾಕಿಯ ನ್ಯಾಯ, ಅಂದರೆ ಎಷ್ಟು ವರ್ಷ ನಡೆಸಿಕೊಡುತ್ತೀರಿ ಎಂಬ ಪ್ರಶ್ನೆ, ಇದ್ದಲ್ಲೇ ಇದೆ.

ಆ ಸಾಲು ಬರುವವರೆಗೆ ಗಿರಾಕಿಯೇ ಬಾಯಿ ಬಿಡಬೇಕು. ಅಂಗಡಿಯಲ್ಲಿ ಇಂಚು ಕೇಳುತ್ತಾರೆ, ಸೌಂಡು ಕೇಳುತ್ತಾರೆ, ಗೋಡೆಗೆ ಹಾಕುವ ಸ್ಟ್ಯಾಂಡು ಪುಕ್ಕಟೆಯೇ ಎಂದು ಮೂರು ಸಲ ಕೇಳುತ್ತಾರೆ. ಇನ್ನು ಮೂರು ಪ್ರಶ್ನೆ ಸೇರಿಸಿಕೊಂಡರೆ ಆಯಿತು. ಇದಕ್ಕೆ ಗೂಗಲ್‌ನಂಥ ಮೂಲ ಕಂಪನಿಯ ಒಪ್ಪಿಗೆ ಇದೆಯೇ? ಕೊನೆಯ ಅಪ್‌ಡೇಟ್ ಯಾವಾಗ ಬಂತು, ಎಷ್ಟು ವರ್ಷ ಬರುತ್ತದೆ? ಅಪ್‌ಡೇಟ್‌ನಿಂದಲೇ ಕೆಟ್ಟರೆ ವಾರಂಟಿ ಉಂಟೋ? ಉತ್ತರವನ್ನು ಬಿಲ್ಲಿನ ಮೇಲೆ ಬರೆಸಿಕೊಂಡರೆ ಇನ್ನೂ ಉತ್ತಮ.

ಅಂಗಡಿಯವರಿಗೂ ಇದರಲ್ಲಿ ಹಿತವಿದೆ. ಕಂಪನಿ ದೂರದಲ್ಲಿದೆ, ಗಿರಾಕಿ ಜಗಳಕ್ಕೆ ಬರುವುದು ಕೌಂಟರಿನ ಮುಂದೆಯೇ. 2019ರ ಗ್ರಾಹಕ ಸಂರಕ್ಷಣಾ ಕಾಯಿದೆಯಲ್ಲಿ ಬಿಲ್ಲು ಕೊಡದಿರುವುದು ಅನುಚಿತ ವ್ಯಾಪಾರ ಪದ್ಧತಿ ಎನಿಸುತ್ತದೆ, ಬೇಕೆಂದೇ ಮಾಹಿತಿ ಮುಚ್ಚಿಡುವುದು ಸೇವಾ ನ್ಯೂನತೆ ಎನಿಸುತ್ತದೆ. ಗಿರಾಕಿ 1915ಕ್ಕೆ ಫೋನು ಮಾಡಿ ದೂರು ಬರೆಸಬಹುದು. ಅಲ್ಲಿ ಬಗೆಹರಿಯದಿದ್ದರೆ ತಾನಿರುವ ಜಿಲ್ಲೆಯ ಗ್ರಾಹಕ ಆಯೋಗಕ್ಕೇ ಹೋಗಬಹುದು. ಕೊಟ್ಟ ಬೆಲೆ 5 ಲಕ್ಷ ರೂಪಾಯಿ ಮೀರದಿದ್ದರೆ ಶುಲ್ಕವಿಲ್ಲ, ವಕೀಲರು ಬೇಕೇಬೇಕು ಎಂದೇನೂ ಇಲ್ಲ. ಎರಡು ವರ್ಷದೊಳಗೆ ಹೋಗಬೇಕು, ಕೈಯಲ್ಲಿ ಬಿಲ್ಲು ಇರಬೇಕು.

ಹರಿಹರದಿಂದ, ಜಗಳೂರಿನಿಂದ ಬಸ್ಸು ಹತ್ತಿ ಬಂದು, ಚೀಟಿ ಎತ್ತಿದ ಹಣದಲ್ಲೋ ಬೋನಸ್ ದುಡ್ಡಿನಲ್ಲೋ ಟಿವಿ ಕೊಂಡು ಹೋಗುವ ಮನುಷ್ಯ ಅದು ಏಳೆಂಟು ವರ್ಷ ಬಾಳುತ್ತದೆ ಎಂದೇ ಲೆಕ್ಕ ಹಾಕಿರುತ್ತಾನೆ. ಮೂರನೆಯ ವರ್ಷಕ್ಕೇ ಒಳಗಿನ ತಂತ್ರಾಂಶಕ್ಕೆ ಹೇಳುವವರು ಕೇಳುವವರು ಇಲ್ಲ ಎಂದಾದರೆ, ಹತ್ತು ಸಾವಿರದ ಆ ಟಿವಿ ಅಗ್ಗವಂತೂ ಅಲ್ಲ.